ಆ ಬಿಳಿ ಕಲ್ಲು ತಲಿ ಅಲ್ರಿ

ಸಂಪಾದಕರಿಗೆ ನಮಸ್ಕಾರ್ರಿ,

ಹೋದ ರವಿವಾರದ ನಿಮ್ಮ ಪುರವಣಿಯೊಳಗ ಸ್ವೀಡನ್ ದೇಶದ ಸ್ಟಾಕ್‌ಹೋಮ್ ಊರಿನ ಮ್ಯಾಲೆ ಒಂದು ಪ್ರವಾಸದ ಲೇಖನ ಬಂದಿತ್ತು, ಚಲೋ ಇತ್ತು, ಫೋಟೋನೂ ಚಂದ ಬಂದಿದ್ವು, ಆದ್ರ ಎರಡು ಕಡೆ ನನಗ ತಡ್ಕೊಳ್ಳಾಕ ಆಗಲಿಲ್ಲ, ಅದಕ್ಕ ಈ ಪತ್ರ. ಒಂದು, ದೊಡ್ಡ ಚೌಕದಾಗಿನ ಆ ಕೆಂಪು ಮನಿ ಫೋಟೋ ಕೆಳಗ "ಈ ಮನೆಯ ಒಂದೊಂದು ಬಿಳಿ ಕಲ್ಲೂ ಇಲ್ಲಿ ಉರುಳಿದ ಒಂದೊಂದು ತಲೆಯ ಗುರುತು" ಅಂತ ಹಾಕೀರಿ. ಎರಡು, "ಕೈಯಲ್ಲಿ ಮೊಬೈಲ್ ಇದ್ದ ಮೇಲೆ ಖಾಸಗಿ ಗೈಡ್ ಹಿಡಿಯುವುದು ದುಡ್ಡು ನೀರಿಗೆ ಹಾಕಿದಂತೆ" ಅಂತ ಬರದೀರಿ. ಈ ಎರಡೂ ಮಾತಿಗೆ ಒಂದಕ್ಕೊಂದು ಗಂಟು ಐತಿ. ಖಾಸಗಿ ಗೈಡ್ ಹಿಡದಿದ್ರ ಆ ಫೋಟೋ ಕೆಳಗಿನ ಮಾತು ನೀವು ಹಾಕ್ತಿರಲಿಲ್ಲ.

ನಾನು ರೈಲ್ವೆದಾಗ 34 ವರ್ಷ ಗಾರ್ಡ್ ಆಗಿ ದುಡದು ರಿಟೈರ್ ಆದಾಂವ. ಈಗ ಗಾರ್ಡ್ ಅನ್ನಂಗಿಲ್ಲ, ಟ್ರೇನ್ ಮ್ಯಾನೇಜರ್ ಅಂತಾರ, ಇರಲಿ, ನಮ್ಮ ಓಣಿ ಮಂದಿಗೆ ನಾ ಇನ್ನಾ ಗಾರ್ಡ್ ಸಾಹೇಬ್ರ. ಮಗಳು ಅಳಿಯ ಸ್ಟಾಕ್‌ಹೋಮ್‌ನ್ಯಾಗ ಕಂಪ್ಯೂಟರ್ ಕೆಲಸದಾಗ ಅದಾರ, ಹೋದ ಜೂನ್‌ನ್ಯಾಗ ನಾನೂ ನಮ್ಮ ಮನಿಯಾಕಿನೂ ಹೋಗಿ ಒಂದು ತಿಂಗಳು ಇದ್ದು ಬಂದ್ವಿ. ಪೇಢೆ ಒಯ್ಯಾಕ ಬರಂಗಿಲ್ಲಂತ, ಹಾಲಿನ ಸಾಮಾನು ಯುರೋಪ್‌ನ್ಯಾಗ ಬಿಡಂಗಿಲ್ಲಂತ, ಅದಕ್ಕ ಶೇಂಗಾ ಚಟ್ನಿಪುಡಿ, ಸಜ್ಜಿ ರೊಟ್ಟಿ ಕಟ್ಟಿಕೊಂಡು ಹೋಗಿದ್ವಿ. ಜೂನ್ ಅಂದ್ರ ಅಲ್ಲಿ ರಾತ್ರಿ ಹತ್ತಾದ್ರೂ ಬೆಳಕು ಹೋಗಂಗಿಲ್ಲ, ದೀಪಾ ಹಚ್ಚೋ ಹೊತ್ತು ಯಾವುದು ಹಂಗಾರ ಅಂತ ಮನಿಯಾಕಿ ದಿನಾ ಮಗಳನ್ನ ಕೇಳಾಕಿ.

ಮೊದಲ ನಿಮ್ಮ ಲೇಖನದಾಗ ಬರದಂಗನ ಮಾಡಿದ್ವಿ. ಪುಕ್ಕಟೆ ವಾಕಿಂಗ್ ಟೂರ್ ಅಂತ ಇರ್ತಾವು, ಕಡೀಗೆ ನಿಮಗ ತಿಳದಷ್ಟು ಟಿಪ್ ಕೊಟ್ರ ಸಾಕು. ಒಬ್ಬ ಹುಡುಗ ಕೊಡಿ ಎತ್ತಿ ಹಿಡಕೊಂಡು ಮುಂದ, ಹಿಂದ ನಲವತ್ತು ಮಂದಿ, ನಲವತ್ತರ ಹಿಂದ ನಾವಿಬ್ಬರು. ಅಲ್ಲಿ ಹಳೇ ಊರು ಅಂತ ಒಂದು ಐತಿ, ಗಾಮ್ಲಾ ಸ್ತಾನ್ ಅಂತಾರ, ಒಂದು ನಡುಗಡ್ಡಿ ಮ್ಯಾಲೆ, ಮತ್ತ ಆ ಇಡೀ ಊರೇ 14 ನಡುಗಡ್ಡಿ ಮ್ಯಾಲೆ ಕುಂತೈತಿ ಅನ್ರಿ. ಆ ಹಳೇ ಊರಿನ ಹಾದಿ ತುಂಬ ಗುಂಡುಕಲ್ಲು ಹಾಸ್ಯಾರ, ನನ್ನ ಮೊಣಕಾಲು ನಿಮಗ ಗೊತ್ತಿಲ್ಲ, ಬ್ರೇಕ್‌ವ್ಯಾನ್‌ನ್ಯಾಗ ನಿಂತ ನಿಂತ ಸವದಾವು. ನಾವು ಒಂದು ಮೂಲಿಗೆ ಮುಟ್ಟೂದ್ರಾಗ ಅಂವ ಹೇಳೂದು ಮುಗದು ಕೊಡಿ ಮುಂದಿನ ಮೂಲಿಗೆ ಹೊಂಟಿರತಿತ್ತು. ಚೌಕದಾಗ ಒಂದ ಕಡೆ ಹೆಂಗೋ ಹೋಗಿ ಮುಟ್ಟಿದ್ವಿ, ಅಲ್ಲಿ ಅಂವ ಕೆಂಪು ಮನಿ ತೋರಿಸಿ, ನೋಡ್ರಿ ಆ ಬಿಳಿ ಕಲ್ಲು ಎಷ್ಟು ಅದಾವು ಅಷ್ಟು ಮಂದಿ ತಲಿ ಇಲ್ಲಿ ಹಾರಿದ್ವು ಅಂದ. ಮಗಳು ಕನ್ನಡದಾಗ ಹೇಳಿದ ಕೂಡ್ಲೆ ಮನಿಯಾಕಿ ಸೆರಗು ಬಾಯಿಗೆ ಹಿಡದು ಅಯ್ಯ ಶಿವನ ಅಂದ್ಲು, ಕಲ್ಲು ಎಣಸಾಕ ಸುರು ಮಾಡಿದ್ಲು, ಮೂವತ್ತಕ್ಕ ಬಂದಾಗ ಕೊಡಿ ಹೊಂಟ್ತು.

ಆ ಹುಡುಗನ್ನ ಬೈಯಾಕ ಬರದಿಲ್ಲ, ಅಂವನ ಹೊಟ್ಟಿಪಾಡು.

ಮನಿಗೆ ಬಂದು ನಾ ಏನೂ ಅನ್ನಲಿಲ್ಲ, ಆದ್ರ ಅಳಿಯ ತಿಳಕೊಂಡ್ರು, ನಾಕು ದಿನಕ್ಕ ಒಬ್ಬರು ಗೈಡ್ ಬಾಯಾರನ್ನ ನಮ್ಮ ನಾಲ್ಕೇ ಮಂದಿಗೆ ಅಂತ ಬುಕ್ ಮಾಡಿದ್ರು, ಎರಡೂವರೆ ತಾಸಿಗೆ. ಎಷ್ಟು ಅಂತ ಕೇಳಿದ್ರ ಹೇಳವಲ್ರು, ಮಗಳ ಬಾಯಿ ಬಿಡಿಸಿದ್ನಿ, ನಮ್ಮ ರೊಕ್ಕದಾಗ 19 ಸಾವಿರ ಚಿಲ್ಲರೆ. ಅವತ್ತು ರಾತ್ರಿ ನನಗ ನಿದ್ದಿ ಬರಲಿಲ್ಲ ನೋಡ್ರಿ, ಬೆಳಕಿತ್ತು ಅಂತಲ್ಲ. ಅಷ್ಟು ರೊಕ್ಕದಾಗ ಹುಬ್ಬಳ್ಳಿಯಿಂದ ಗಂಡ ಹೆಂಡ್ತಿ ಕಾಶಿಗೆ ಹೋಗಿ ಬಂದು ಊರ ಮಂದಿಗೆ ಹೋಳಿಗಿ ಊಟಾ ಹಾಕಬಹುದು. ಆಮ್ಯಾಲ ತಿಳೀತು, ಖಾಸಗಿ ಗೈಡ್‌ಗೆ ಕೊಡೂದು ತಲಿ ಲೆಕ್ಕದ ಮ್ಯಾಲಲ್ಲ, ತಾಸಿನ ಲೆಕ್ಕದ ಮ್ಯಾಲೆ, ಒಬ್ಬರು ಹೋಗ್ರಿ ಆರು ಮಂದಿ ಹೋಗ್ರಿ ಅಷ್ಟ. ಇದನ್ನ ನಿಮ್ಮ ಲೇಖನದಾಗ ಬರೀಬೇಕಿತ್ತು, ಎರಡು ಮನಿಯವರು ಕೂಡಿ ಹಿಡದ್ರ ಬಸ್‌ನ್ಯಾಗ ಕೂಡಿಸಿ ಊರು ತಿರಗ್ಸೂ ಟಿಕೀಟಿಗೂ ಇದಕ್ಕೂ ಭಾಳ ಫರಕ್ ಉಳಿಯಂಗಿಲ್ಲ.

ಬಾಯಾರಿಗೆ ಐವತ್ತೈದರ ಮ್ಯಾಲೆ ಇರಬೇಕು, ಕೊಳ್ಳಾಗ ಬಿಲ್ಲೆ ಹಾಕಿದ್ರು, ಪರೀಕ್ಷಾ ಪಾಸಾದ ಗೈಡ್ ಅಂತ. ಅರಮನಿ ಮುಂದಿನ ಏರಿನ್ಯಾಗ ಒಂದು ಎತ್ತರದ ಕಲ್ಲುಕಂಬ ಐತಿ, ಅಲ್ಲಿ ನಿಂತಿದ್ರು. ಮೊದಲ ಮಾತ ನನ್ನ ಕಾಲು ನೋಡಿ, ನಿಮಗ ಮೆಟ್ಟಲ ಹತ್ತಾಕ ಆಗತೈತಿ ಏನು, ಇಲ್ಲಂದ್ರ ಹಾದಿ ಬದಲಿ ಮಾಡತೀನಿ ಅಂದ್ರು. ಮಗಳು ಕನ್ನಡದಾಗ ತಿರುವಿ ಹೇಳೂ ಮಟ ಸುಮ್ಮನ ನಿಂದರ್ತಿದ್ರು, ಮನಿಯಾಕಿ ಮಾರಿ ನೋಡಿ, ಅಕಿಗೆ ತಿಳೀತು ಅನ್ನೂದು ಗ್ಯಾರಂಟಿ ಆದಮ್ಯಾಲ ಮುಂದಿನ ಮಾತು.

ಚೌಕಕ್ಕ ಬಂದ್ವಿ. ಸ್ಟೂರ್‌ತೋರ್ಯೆತ್ ಅಂತಾರ ಅದಕ್ಕ. ಮನಿಯಾಕಿ ಅವಸರ ಮಾಡಿ ಬಾಯಾರ ಮುಂದ ಕೆಂಪು ಮನಿ ಕಡೆ ಕೈ ಮಾಡಿ, ತಲಿ ತಲಿ ಅಂತ ಕೊಳ್ಳ ಮ್ಯಾಲೆ ಕೈ ಎಳದು ತೋರಿಸಿದ್ಲು, ನನಗೂ ಗೊತ್ತೈತಿ ಅನ್ನೋಹಂಗ. ಬಾಯಾರು ನಕ್ಕರು, ಆಮ್ಯಾಲ ಒಂದು ಬೆಂಚಿನ ಮ್ಯಾಲೆ ನಮ್ಮನ್ನ ಕೂಡಿಸಿ ಹೇಳಿದ್ರು. 1520ನೇ ಇಸವಿ ನವೆಂಬರ್‌ನ್ಯಾಗ ಡೆನ್ಮಾರ್ಕಿನ ರಾಜ ಎರಡನೇ ಕ್ರಿಸ್ಟಿಯನ್ ಸ್ವೀಡನ್ ಗೆದ್ದು ಬಾಜೂಕಿನ ದೊಡ್ಡ ಚರ್ಚ್‌ನ್ಯಾಗ ಪಟ್ಟ ಕಟ್ಟಿಸಿಕೊಂಡ, ಮೂರು ದಿನ ಅರಮನ್ಯಾಗ ಊಟಾ ಕುಡತಾ ನಡೀತು, ತನ್ನ ವಿರುದ್ಧ ಇದ್ದ ದೊಡ್ಡ ದೊಡ್ಡ ಮಂದಿನ್ನೂ ಕರದಿದ್ದ, ಆಮ್ಯಾಲ ಬಾಗಲಾ ಹಾಕಿಸಿಬಿಟ್ಟ. ಧರ್ಮದ್ರೋಹಿಗಳು ಅಂತ ಆರೋಪ ಹೊರಿಸಿ ನವೆಂಬರ್ 8, 9ಕ್ಕ ಇದ ಚೌಕದಾಗ ಬಿಷಪ್ಪರು, ಸರದಾರರು, ಊರಿನ ವ್ಯಾಪಾರಸ್ಥರು ಎಲ್ಲಾರನ್ನೂ ಕಡಿಸಿದ. ಎಷ್ಟು ಮಂದಿ ಅಂತ ನಾ ಕೇಳಿದ್ನಿ. ಎಂಬತ್ತರಿಂದ ನೂರರ ಒಳಗ, ಒಂದೊಂದು ಕಾಗದದಾಗ ಒಂದೊಂದು ಲೆಕ್ಕ ಐತಿ, ಇಷ್ಟ ಅಂತ ನಾ ಹೇಳಂಗಿಲ್ಲ ಅಂದ್ರು. ಮತ್ತ ಆ ಕಲ್ಲು? ಆ ಮನಿಗೆ ಈ ರೂಪ ಬಂದದ್ದು 1650ರ ಸುಮಾರಿಗೆ, ರಾಜನ ಕಾರ್ಯದರ್ಶಿ ಒಬ್ಬ ಶಾಂತ್ಸ್ ಅಂತ ಇದ್ದ, ಅಂವ ಶೋಕಿಗೆ ಬಿಳಿ ಕಲ್ಲು ಬಡಿಸಿದ, ಅಂದ್ರ ತಲಿ ಹೋಗಿ ನೂರಾ ಮೂವತ್ತು ವರ್ಷ ಆಗಿತ್ತು, ತಲಿ ಮಾತು ಆಮ್ಯಾಲಿನ ಮಂದಿ ಕಟ್ಟಿದ್ದು ಅಂದ್ರು.

ಮನಿಯಾಕಿಗೆ ಒಂದೀಟು ಬ್ಯಾಸರ ಆತು, ಹಂಗಾರ ನಾ ಎಣಿಸಿದ್ದು ಸುಳ್ಳಾತಲ್ಲ ಅಂದ್ಲು. ಬಾಯಾರಿಗೆ ಇದನ್ನ ಮಗಳು ಹೇಳಿದ್ಲು. ಅದಕ್ಕ ಅವರು, ಎಣಿಸಿದ್ದು ಸುಳ್ಳಲ್ಲ, ನೀವು ಎಣಿಸಿದ್ದು ಒಂದು ಚಂದನ ಕಥಿ ಅಂದ್ರು. ಆ ಎರಡೂವರೆ ತಾಸಿನ್ಯಾಗ ಅವರ ಮಾತಿನ ರೀತಿನ ಹಂಗಿತ್ತು ನೋಡ್ರಿ, ಇದು ಕಾಗದದಾಗ ಐತಿ, ಇದು ಮಂದಿ ಹೇಳೂದು, ಇದು ನನಗ ಗೊತ್ತಿಲ್ಲ, ಅಂತ ಮೂರು ಡಬ್ಬಿ ಬ್ಯಾರೆ ಬ್ಯಾರೆ ಇಟ್ಟು ಹೇಳತಿದ್ರು. 19 ಸಾವಿರ ನಾವು ಕೊಟ್ಟದ್ದು ಇದಕ್ಕ ಅಂತ ನನಗ ಅನಸಾಕ ಹತ್ತಿದ್ದು ಅಲ್ಲಿಂದ. ಮೊಬೈಲ್‌ನ್ಯಾಗ ಈ ಮೂರೂ ಡಬ್ಬಿ ಕಲಸಿ ಒಂದ ಕಡೆ ಸುರುವಿರ್ತಾರ.

ಅದ ಚೌಕದಾಗ ನೊಬೆಲ್ ಮ್ಯೂಸಿಯಂ ಐತಿ, ಅಮರ್ತ್ಯ ಸೇನರು ಕೊಟ್ಟ ಸೈಕಲ್ ಇಟ್ಟಾರ, ಚಹಾದಂಗಡಿ ಕುರ್ಚಿ ಬುಡಕ ಪ್ರಶಸ್ತಿ ತಗೊಂಡವರು ಸಹಿ ಮಾಡ್ಯಾರ. ಅದನ್ನೆಲ್ಲಾ ನೀವ ಬರದೀರಿ, ಬಿಡ್ರಿ.

ಅಲ್ಲಿಂದ ಒಂದು ಓಣಿ ಮೂಲಿಗೆ ಕರಕೊಂಡು ಹೋಗಿ ಗ್ವಾಡಿ ಬುಡಕ ನೋಡ್ರಿ ಅಂದ್ರು. ಮನಿ ಗ್ವಾಡಿ ಮೂಲ್ಯಾಗ ಒಂದು ಹಳೇ ಕಲ್ಲು ಕೂತೈತಿ, ಹಾವಿನಂಗ ಸುತ್ತಿದ ಪಟ್ಟಿ, ಅದರಾಗ ಗೀಟು ಗೀಟು ಅಕ್ಷರ. ರೂನ್ ಕಲ್ಲು ಅಂತಾರ, ಸುಮಾರು ಸಾವಿರ ವರ್ಷದ್ದು, ತಾಯಿ ತಂದಿ ಕೂಡಿ ಮಗನ ನೆನಪಿಗೆ ನಿಲ್ಲಿಸಿದ್ದು. ಮುಂದ ಯಾವನೋ ಮನಿ ಕಟ್ಟಾಂವ ಕಲ್ಲು ಚಲೋ ಐತಿ ಅಂತ ಗ್ವಾಡಿಗೆ ಹಾಕಿಬಿಟ್ಟಾನ. ಅದರ ಮುಂದ ಒಂದು ಹಳೇ ತೋಪಿನ ನಳಗಿ ಉದ್ದಕ ಹುಗದಾರ, ಗಾಡಿ ಗಾಲಿ ಬಡದು ಮೂಲಿ ಕೀಳಬಾರದು ಅಂತ. ನನಗ ನಮ್ಮ ಕಡೆ ವೀರಗಲ್ಲು ನೆನಪಾದ್ವು, ಎಷ್ಟು ಊರಾಗ ಅರಬಿ ಒಗಿಯಾಕ, ದನಾ ಕಟ್ಟಾಕ ಬಿದ್ದಾವು. ಅದನ್ನ ಹೇಳಿದ್ನಿ. ಬಾಯಾರು ಭಾಳ ಆಸಕ್ತಿಲೆ ಕೇಳಿದ್ರು, ನಿಮ್ಮ ಊರ ಕಡೆ ಇಷ್ಟ ಹಳೇದು, ಇಸವಿ ಗೊತ್ತಿದ್ದದ್ದು ಏನೈತಿ ಅಂದ್ರು. ನಾ ಮೊದಲ ಹುಬ್ಬಳ್ಳಿ ಪ್ಲಾಟ್‌ಫಾರ್ಮ್ ಅಂದ್ನಿ, ಜಗತ್ತಿನ್ಯಾಗ ಉದ್ದಂದು, 1507 ಮೀಟರ್ ಅಂತ. ಅದು ಹಳೇದಲ್ಲ ಅಪ್ಪಾ ಅಂದ್ಲು ಮಗಳು. ಆಮ್ಯಾಲ ಲಕ್ಕುಂಡಿ ನೆನಪಾತು, ಅತ್ತಿಮಬ್ಬೆ ಕಟ್ಟಿಸಿದ ಬಸದಿ, ಅದರ ಶಾಸನದ್ದು 1007ನೇ ಇಸವಿ. ಒಬ್ಬ ಹೆಣಮಗಳು ಕಟ್ಟಿಸಿದ್ದು ಅಂದಾಗ ಬಾಯಾರು ಸಣ್ಣ ಪುಸ್ತಕ ತಗದು ಬರಕೊಂಡ್ರು, ಅತ್ತಿಮಬ್ಬೆ ಅನ್ನೂದನ್ನ ಮೂರು ಸಲ ಹೇಳಿಸಿದ್ರು.

ಇಲ್ಲಿ ನಮ್ಮದೂ ಒಂದು ಮಾತು ಹೇಳಿಬಿಡತೀನಿ. ಹೋದ ದೀಪಾವಳಿ ಹೊತ್ತಿಗೆ ಮೊಮ್ಮಕ್ಕಳನ್ನ ಕರಕೊಂಡು ನಮ್ಮ ಕಡೆದ ಒಂದು ಹಳೇ ಗುಡಿಗೆ ಹೋಗಿದ್ವಿ, ಯಾವೂರು ಅಂತ ಬ್ಯಾಡ. ಬಾಗಲಾಗ ಒಬ್ಬಾಂವ ಗೈಡ್ ಬೇಕೇನ್ರಿ ಅಂತ ಬೆನ್ನ ಹತ್ತಿದ, ಇನ್ನೂರು ರೂಪಾಯಿ. ಈ ಗುಡಿ ಒಂದ ರಾತ್ರ್ಯಾಗ ಕಟ್ಟಿದ್ದು ಅಂದ, ಈ ಕಂಬದಾಗ ಬಂಗಾರ ಐತಿ ಅಂದ, ಇಲ್ಲಿಂದ ಸುರಂಗ ಬಾದಾಮಿ ಮಟ ಐತಿ ಅಂದ. ಮೊಮ್ಮಗ ಆರನೇತ್ತಾ, ಅಂವ ಗ್ವಾಡಿ ಮ್ಯಾಲಿನ ಶಾಸನ ತೋರಿಸಿ ಇದರಾಗ ಏನ ಬರದೈತಿ ಅಂಕಲ್ ಅಂತ ಕೇಳಿದ್ದಕ್ಕ, ಅದು ದೇವರ ಭಾಷಾ ಯಾರಿಗೂ ಓದಾಕ ಬರಂಗಿಲ್ಲ ಅಂದ. ಅದು ಕನ್ನಡರೀ! ಹಳಗನ್ನಡ! ಓದಿ ಅಚ್ಚು ಹಾಕಿಟ್ಟದ್ದು ಧಾರವಾಡದಾಗ ಬೇಕಾದಷ್ಟು ಸಿಗತಾವು. ಅಂವನೂ ಹೊಟ್ಟಿಪಾಡಿಗೆ ನಿಂತಾಂವ, ಹೇಳಿಕೊಟ್ಟವರು ಯಾರೂ ಇಲ್ಲ. ಗದಗ, ಲಕ್ಕುಂಡಿ, ಧಾರವಾಡ ಇಲ್ಲೆಲ್ಲಾ ಹಿಸ್ಟರಿ ಎಂ.ಎ. ಮಾಡಿ ಕೆಲಸ ಇಲ್ಲದ ಹುಡುಗ್ರು ಎಷ್ಟು ಅದಾರ, ಅಂಥವರಿಗೆ ಒಂದು ಬಿಲ್ಲೆ ಕೊಟ್ಟು ನಿಂದರ್ಸಿದ್ರ ತಾಸಿಗೆ ಐನೂರು ಕೊಡಾಕ ನಾ ತಯಾರ ಅದೀನಿ. ಇರಲಿ, ನಾ ಸ್ವೀಡನ್ ಹಾದಿ ಬಿಟ್ಟೆ.

ಆ ಊರಿನ ಭಾಳ ಇಕ್ಕಟ್ಟಿನ ಓಣಿ ಅಂತ ಒಂದು ತೋರಿಸಿದ್ರು, ಮೋರ್ಟೆನ್ ಟ್ರೋಟ್ಸಿಗ್ ಅನ್ನೋ ವ್ಯಾಪಾರಸ್ಥನ ಹೆಸರಿನ್ಯಾಗ ಐತಿ, ಇಕ್ಕಟ್ಟಾದಲ್ಲಿ 90 ಸೆಂಟಿಮೀಟರ್, 36 ಮೆಟ್ಟಲ. ಎದುರಿಗೆ ಕೊಡಾ ಹೊತ್ತಾಕಿ ಬಂದ್ರ ಹೆಂಗ್ರಿ ಅಂದ್ಲು ಮನಿಯಾಕಿ. ನಾ ಕೆಳಗ ನಿಂತು ನೋಡಿದ್ನಿ ಅಷ್ಟ, ಬಾಯಾರು ನನ್ನ ಜೋಡಿನ ಕೆಳಗ ನಿಂತ್ರು, ಉಳದವರು ಹತ್ತಿ ಇಳದು ಬಂದ್ರು. ಕೊಡಿ ಟೂರ್‌ನ್ಯಾಗ ಆಗಿದ್ರ ನನ್ನ ಅಲ್ಲೇ ಬಿಟ್ಟು ಹೋಗತಿದ್ರು.

ನಡುವ ಕಾಫಿ. ಅವರು ಫೀಕಾ ಅಂತಾರ, ಕಾಫಿ ಜೋಡಿ ದಾಲ್ಚಿನ್ನಿ ಹಾಕಿ ಸುರುಳಿ ಸುತ್ತಿದ ಒಂದು ಬನ್. ಮನಿಯಾಕಿ ಮೂಸಿ ನೋಡಿ ಇದರಾಗ ಯಾಲಕ್ಕಿ ಐತಿ ಅಂದ್ಲು. ಹೌದಂತ, ಯಾಲಕ್ಕಿ ಇಲ್ಲದ ಅವರ ಬನ್ ಆಗಂಗಿಲ್ಲಂತ. ನಮ್ಮಾಕಿ ತವರಮನಿ ಹಾವೇರಿ, ಸುರು ಆತು ಯಾಲಕ್ಕಿ ಹಾರದ ಮಾತು, ಯಾಲಕ್ಕಿ ಪೋಣಿಸಿ ಹಾರಾ ಮಾಡಿ ಕೊಳ್ಳಿಗೆ ಹಾಕತೇವಿ ಅಂದ್ರ ಬಾಯಾರು ನಂಬವಲ್ರು, ಅಲ್ಲಿ ಸಣ್ಣ ಡಬ್ಬಿ ಯಾಲಕ್ಕಿಗೆ ಎಷ್ಟು ರೊಕ್ಕ ಅನ್ನೂದು ಅವರಿಗೆ ಗೊತ್ತಲ್ಲ. ಕಡೀಗೆ ಮಗಳು ಮೊಬೈಲ್‌ನ್ಯಾಗ ಫೋಟೋ ತೋರಿಸಿದ್ಲು. ನೋಡ್ರಿ, ಮೊಬೈಲ್ ಇಷ್ಟಕ್ಕ ಉಪಯೋಗ ಆತು.

ಕಾಫಿ ಕುಡಕೋತ ನಾ ಒಂದು ಪ್ರಶ್ನೆ ಕೇಳಿದ್ನಿ, ಬಂದ ದಿನದಿಂದ ತಲ್ಯಾಗ ಕೊರಿಯಾಕ ಹತ್ತಿತ್ತು. ಕಾರು ಬಸ್ಸು ಎಲ್ಲಾ ಬಲಕ್ಕ ಹೋಗತಾವು, ಮೆಟ್ರೋ ರೈಲು ಮಾತ್ರ ನಮ್ಮಂಗ ಎಡಕ್ಕ ಯಾಕ? ಬಾಯಾರ ಮಾರಿ ಅರಳಿತು. ಇಡೀ ಸ್ವೀಡನ್ 1967ರ ಮಟ ಎಡಕ್ಕ ಇತ್ತಂತ, ಸೆಪ್ಟೆಂಬರ್ 3ರ ನಸಿಕಿನ್ಯಾಗ ಐದಕ್ಕ ಎಲ್ಲಾ ಗಾಡಿ ನಿಂದರಿಸಿ ಒಂದ ಹೊಡತಕ್ಕ ಬಲಕ್ಕ ಬದಲಿ ಮಾಡಿದ್ರಂತ, ರೈಲು ಮಾತ್ರ ಹಂಗ ಉಳದ್ವು, ಯಾಕಂತ ನನಗ ಗೊತ್ತಿಲ್ಲ ಅಂದ್ರು. ಆವಾಗ ನಾ ಹೇಳಿದ್ನಿ, ಬಾಯಾರ, ರೈಲಿನ ಸಿಗ್ನಲ್ ಎಲ್ಲಾ ಒಂದು ಬಾಜೂ ಲೆಕ್ಕ ಹಿಡದ ನಿಂದರಿಸಿರ್ತಾರ, ಹಳಿ ಬದಲಿ ಮಾಡೂದು ಅಂದ್ರ ಕಾರಿನ ಸ್ಟೇರಿಂಗ್ ತಿರುವಿದಂಗಲ್ಲ, ಎಲ್ಲಾ ಸಿಗ್ನಲ್ ಕಿತ್ತು ಹಾಕಬೇಕಾಗತೈತಿ ಅಂತ. ಅದನ್ನೂ ಬರಕೊಂಡ್ರು. ಇದು ನನ್ನ ಅಂದಾಜು, ಕಾಗದ ನೋಡಿ ಹೇಳಿದ್ದಲ್ಲ ಅಂತ ನಾನೂ ಕಡೀಗೆ ಸೇರಿಸಿದ್ನಿ, ಅಷ್ಟೊತ್ತಿಗೆ ಅವರ ಚಟಾ ನನಗೂ ಹತ್ತಿತ್ತು.

ಆಮ್ಯಾಲ ನೀರಿನ ದಂಡಿಗೆ ಬಂದ್ವಿ. ಅಲ್ಲಿ ಒಂದು ಕಟ್ಟಿ ಮ್ಯಾಲೆ ಕೂಡಿಸಿ ವಾಸಾ ಹಡಗದ ಕಥಿ ಹೇಳಿದ್ರು, ಈ ಸಲ ಕಥಿ ಅಲ್ಲ, ಕಾಗದದಾಗ ಇದ್ದದ್ದು. ಎರಡನೇ ಗುಸ್ತಾವ್ ಅಡಾಲ್ಫ್ ಅನ್ನೋ ರಾಜ ಕಟ್ಟಿಸಿದ್ದು, 64 ತೋಪು, ಮೈತುಂಬ ಕೆತ್ತನಿ ಗೊಂಬಿ. ಹೊಂಡೂ ಮೊದಲ ಮೂವತ್ತು ಮಂದಿನ್ನ ಡೆಕ್ ಮ್ಯಾಲೆ ಈ ಕಡೆಯಿಂದ ಆ ಕಡೆ ಓಡಿಸಿ ನೋಡಿದ್ರಂತ, ಮೂರು ಸಲ ಓಡೂದ್ರಾಗ ಹಡಗ ಬೋರಲ ಬೀಳೂಹಂಗ ಹೊಯ್ದಾಡಾಕ ಹತ್ತಿತು, ನಿಲ್ಲಿಸಿದ್ರು. ನಿಲ್ಲಿಸಿದ್ದು ಓಡೂದನ್ನ, ಹಡಗ ಹೊಂಡೂದನ್ನ ಅಲ್ಲ! ರಾಜನ ಅವಸರ, ಸಾಹೇಬರಿಗೆ ಯಾರು ಹೇಳಬೇಕು. 1628 ಆಗಸ್ಟ್ 10ಕ್ಕ ಹೊಂಟಿತು, ಒಂದು ಗಾಳಿ ಬೀಸಿತು, ಮಗ್ಗಲಿಗೆ ವಾಲಿತು, ತೆರದಿಟ್ಟ ತೋಪಿನ ಕಿಡಕಿಯಿಂದ ನೀರು ನುಗ್ಗಿ ಊರ ಮಂದಿ ಕಣ್ಣ ಮುಂದ ಮುಳಗಿತು. ಎಷ್ಟು ದೂರ ಹೋಗಿತ್ತು ಅಂದ್ರ ಸುಮಾರು 1300 ಮೀಟರ್. ಬಾಯಾರು ಕೈ ಮಾಡಿ ತೋರಿಸಿದ್ರು, ಇಲ್ಲಿ ಹಾಯಿ ಬಿಚ್ಚಿದ್ರು, ಅಗೋ ಅಲ್ಲಿ ಮುಳಗಿತು, ಎರಡೂ ತುದಿ ಕುಂತಲ್ಲೇ ಕಾಣತಾವು. ನನಗ ಒಮ್ಮೆಲೆ ಹೊಳೀತು ನೋಡ್ರಿ, ನಮ್ಮ ಹುಬ್ಬಳ್ಳಿ ಪ್ಲಾಟ್‌ಫಾರ್ಮ್ 1507 ಮೀಟರ್! ಆ ಹಡಗ ನಮ್ಮ ಪ್ಲಾಟ್‌ಫಾರ್ಮ್ ಸುದ್ದಾ ದಾಟಲಿಲ್ಲ. ಇದನ್ನ ಹೇಳಿದ್ದಕ್ಕ ಬಾಯಾರು ಎಷ್ಟು ನಕ್ಕರು ಅಂದ್ರ, ಇನ್ನ ಮುಂದ ಭಾರತದಿಂದ ಬಂದವರಿಗೆ ಇದನ್ನ ಹೇಳತೀನಿ ಅಂದ್ರು.

ವಿಚಾರಣೆ ಆತಂತ, ಯಾರಿಗೂ ಶಿಕ್ಷಾ ಆಗಲಿಲ್ಲಂತ. ಕೇಳಿ ಊರ ನೆನಪಾತು.

333 ವರ್ಷ ನೀರಿನ ಬುಡಕ ಇದ್ದು 1961ರಾಗ ಮ್ಯಾಲೆ ಎತ್ತಿದ್ರು. ಆ ಸಮುದ್ರದ ನೀರು ಅರೆ ಉಪ್ಪು, ಕಟಗಿ ತಿನ್ನೋ ಹುಳಾ ಅದರಾಗ ಬದಕಂಗಿಲ್ಲ, ಅದಕ್ಕ ಹಡಗ ಉಳದೈತಿ. ಈಗ ಮ್ಯೂಸಿಯಂನ್ಯಾಗ ಐತಿ, ಮರುದಿನ ನಾವ ಹೋಗಿ ನೋಡಿದ್ವಿ, ಬಾಯಾರು ಏನೇನ ನೋಡಬೇಕು ಅಂತ ಚೀಟಿ ಬರದುಕೊಟ್ಟಿದ್ರು. ಅದರಾಗ ಒಂದು, ಹಡಗದಾಗ ಸಿಕ್ಕ ನಾಲ್ಕು ಅಳತಿ ಪಟ್ಟಿ. ಎರಡು ಸ್ವೀಡನ್ ಫೂಟು, ಎರಡು ಆಮ್‌ಸ್ಟರ್‌ಡ್ಯಾಮ್ ಫೂಟು, ಎರಡರ ಉದ್ದ ಬ್ಯಾರೆ ಬ್ಯಾರೆ, ಬಡಿಗ್ಯಾರು ಒಬ್ಬಾಂವ ಒಂದು ಹಿಡದು ಇನ್ನೊಬ್ಬಾಂವ ಇನ್ನೊಂದು ಹಿಡದು ಕಟ್ಯಾರ. ಅರ್ಧ ತಾಸು ಅದರ ಮುಂದ ನಿಂತಿದ್ನಿ. ಮೀಟರ್‌ಗೇಜ್‌ನ್ಯಾಗ ಕೆಲಸಕ್ಕ ಸೇರಿ ಬ್ರಾಡ್‌ಗೇಜ್‌ನ್ಯಾಗ ರಿಟೈರ್ ಆದಾಂವಗ ಅದರ ತ್ರಾಸ ತಿಳೀತೈತಿ.

ಕೊಂಬಿನ ಟೊಪಗಿ ಮಾರೋ ಅಂಗಡಿ, ಅರಮನಿ ಮುಂದ ಸಿಪಾಯಿ ಬದಲಾಗೂದು, ಇವೆಲ್ಲಾ ನಿಮ್ಮ ಲೇಖನದಾಗ ಅರ್ಧ ಪುಟ ಬಂದಾವು. ಸಿಪಾಯಿ ಬದಲಾಗೂದು ನಮಗ ಬ್ಯಾಸರ ಬಂತು. ಕೊಂಬಿನ ಟೊಪಗಿ ವೈಕಿಂಗ್ ಮಂದಿ ಹಾಕತಿರಲಿಲ್ಲಂತ, ಅದೂ ತಿದ್ದಕೋರಿ.

ವಯಸ್ಸಿನ ಹುಡುಗ್ರಿಗೆ, ಕಾಲು ಗಟ್ಟಿ ಇದ್ದವರಿಗೆ ಖಾಸಗಿ ಗೈಡ್ ಬೇಕ ಬೇಕು ಅಂತ ನಾ ಅನ್ನಂಗಿಲ್ಲ, 19 ಸಾವಿರ ಸಣ್ಣ ರೊಕ್ಕ ಅಲ್ಲ, ಅಳಿಯ ಕೊಟ್ಟದ್ದಕ್ಕ ನಾ ಇಷ್ಟು ಮಾತಾಡಾಕ ಹತ್ತೀನಿ ಅಂತ ನೀವು ಅಂದ್ರ ಅದೂ ಖರೇನ. ಆದ್ರ ನೀರಿಗೆ ಹಾಕಿದಂಗ ಅನಬ್ಯಾಡ್ರಿ.

ಒಂದು ಬಿಟ್ಟಿದ್ದೆ. ಮೊಟ್ಟಮೊದಲ ಬಾಯಾರು ತೋರಿಸಿದ್ದು ಅರಮನಿ ಎದುರಿನ ಫಿನ್ಲೆಂಡ್ ಮಂದಿ ಚರ್ಚ್ ಹಿಂದ ಒಂದು ಸಣ್ಣ ಅಂಗಳ, ಅಲ್ಲಿ ಒಬ್ಬ ಕಬ್ಬಿಣದ ಹುಡುಗ, 15 ಸೆಂಟಿಮೀಟರ್, ಗೇಣಿಗಿಂತ ಸಣ್ಣಾಂವ. ಮೊಣಕಾಲು ತಬ್ಬಿ ಕುಂತು ಮಾರಿ ಮ್ಯಾಲೆ ಮಾಡಿ ಚಂದಪ್ಪನ್ನ ನೋಡಾಕ ಹತ್ತಾನ. ಲಿಸ್ ಎರಿಕ್ಸನ್ ಅನ್ನೋ ಶಿಲ್ಪಿ ಮಾಡಿದ್ದು, ಅಲ್ಲಿ ಕೂಡಿಸಿದ್ದೂ 1967ರಾಗ. ಕೊಡಿ ಟೂರ್ ಅಲ್ಲಿ ಹೋಗಿರಲೇ ಇಲ್ಲ, ನಲವತ್ತು ಮಂದಿ ಹಿಡಸಂಗಿಲ್ಲ. ಮಂದಿ ತಲಿ ಸವರಿ ಸವರಿ ಅಂವನ ನೆತ್ತಿ ನುಣ್ಣಗ ಮಿಂಚತೈತಿ, ಮುಂದ ಚಿಲ್ಲರೆ ರೊಕ್ಕ ಇಟ್ಟಿರ್ತಾರ, ಥಂಡಿ ದಿನದಾಗ ಯಾರ್‍ಯಾರೋ ಅಷ್ಟಷ್ಟ ಸಣ್ಣ ಟೊಪಗಿ ಮಫ್ಲರ್ ಹೆಣದು ತಂದು ಹಾಕತಾರಂತ. ಮನಿಯಾಕಿ ಬಗ್ಗಿ ಎರಡೂ ಕೈಲೆ ದೃಷ್ಟಿ ತಗದು ಲಟಕಿ ಮುರದ್ಲು, ಒಂದು ರೂಪಾಯಿ ಇಟ್ಲು, ಬಟ್ಟಿನಿಂದ ತಲಿ ಸುತ್ತಳತಿ ತಗೊಂಡ್ಲು. ಯಾಕ ಅಂದ್ರ ಹೇಳಲಿಲ್ಲ.

ಊರಿಗೆ ಬಂದು ಗುಳೇದಗುಡ್ಡ ಖಣದ ತುಂಡು ಉಳದಿತ್ತು ನೋಡ್ರಿ ಕುಬಸಾ ಹೊಲಿಸಿದ್ದು, ಅದರಾಗ ಒಂದು ಕುಲಾಯಿ ಹೊಲದ್ಲು, ಒಳಗ ಹಳೇ ಶಾಲಿನ ಉಲನ್ ಹಚ್ಚಿ, ತುದಿಗೆ ಗೊಂಡೇ ಕಟ್ಟಿ. ನವೆಂಬರ್‌ನ್ಯಾಗ ಅಳಿಯನ ದೋಸ್ತ ಒಬ್ಬರು ಹೊಂಟಿದ್ರು, ಅವರ ಕೈಲೆ ಕಳಿಸಿದ್ವಿ. ಡಿಸೆಂಬರ್‌ದಾಗ ಮಗಳು ಹೋಗಿ ಹಾಕಿ ಫೋಟೋ ತಗದು ಕಳಿಸಿದ್ಲು, ಸುತ್ತ ಬರ್ಫ, ನಡುವ ಖಣದ ಕುಲಾಯಿ ಹಾಕ್ಕೊಂಡು ಹುಡುಗ ಕುಂತಾನ. ಎರಡು ದಿನ ಬಿಟ್ಟು ಹೋದ್ರ ಕುಲಾಯಿ ಹಂಗ ಇತ್ತಂತ, ಕೊಳ್ಳಿಗೆ ಬ್ಯಾರೆ ಯಾರೋ ಕೆಂಪು ಮಫ್ಲರ್ ಸುತ್ತಿದ್ರಂತ, ಖಣದ ಅಂಚಿಗೆ ಸರೀ ಹೊಂದೂ ಬಣ್ಣ.

ಆ ಫೋಟೋ ಈ ಪತ್ರದ ಜೋಡಿ ಕಳಿಸೀನಿ. ಜಾಗಾ ಇದ್ರ ಹಾಕ್ರಿ. ಕೆಳಗ ಏನ ಬರೀತೀರಿ ಅನ್ನೂದನ್ನ ಮಾತ್ರ ಮೊದಲ ಒಂದು ಫೋನ್ ಮಾಡಿ ಕೇಳ್ರಿ.

ನಿಮ್ಮ ಹಳೇ ಓದುಗ,
ರಿಟೈರ್ಡ್ ರೈಲ್ವೆ ಗಾರ್ಡ್, ಕೇಶ್ವಾಪುರ, ಹುಬ್ಬಳ್ಳಿ